ಹಿಸ್ಟರಿ ಅಳಿಸಿದರೂ ಆಟ ಅಳಿಯುವುದಿಲ್ಲ, ಏಕೆ?

ಬೇಸಿಗೆ ರಜೆ ಮುಗಿಯುತ್ತ ಬಂದಿದೆ. ಊರಿಗೆ ಬಂದ ಅಕ್ಕನ ಮಗನಿಗೆ ಬಂದ ದಿನದಿಂದಲೂ ಮಾವನ ಹಳೆಯ ಆಟಗಳ ಪುಟ್ಟ ಯಂತ್ರದ ಮೇಲೇ ಕಣ್ಣು. ಅಂಗೈ ಅಗಲದ ಪರದೆ, ಎಡಗಡೆ ದಿಕ್ಕು ತೋರಿಸುವ ಗುಂಡಿ, ಬಲಗಡೆ ನಾಲ್ಕು ಬಣ್ಣದ ಗುಂಡಿಗಳು, ಒಳಗೆ ಮಾರಿಯೊ, ಕಾಂಟ್ರಾ, ಪೋಕೆಮಾನ್. ಕೊನೆಗೂ ಮಾವ ಮನಸ್ಸು ಮಾಡಿ ಅದನ್ನು ಹುಡುಗನಿಗೇ ಕೊಡಲು ಒಪ್ಪುತ್ತಾನೆ. ಕೊಡುವ ಮುನ್ನ ತಾನು ಆಡಿದ್ದನ್ನೆಲ್ಲ ತೆಗೆದು ಸ್ವಚ್ಛ ಮಾಡಿಕೊಡೋಣವೆಂದು ‘ಹಿಸ್ಟರಿ’ ತೆರೆದು ಒಂದೊಂದೇ ಹೆಸರನ್ನು ಅಳಿಸುತ್ತಾನೆ. ಪಟ್ಟಿ ಖಾಲಿಯಾಗುತ್ತದೆ. ಹುಡುಗ ಪೋಕೆಮಾನ್ ತೆರೆದರೆ ಮೊದಲಿಗೇ ‘ಕಂಟಿನ್ಯೂ’ ಎಂದು ಬರುತ್ತದೆ. ಒತ್ತಿದರೆ ಮಾವನ ಹೆಸರು, ಮಾವ ಸಾಕಿದ ಪಿಕಾಚು, ಮಾವ ಆಟ ನಿಲ್ಲಿಸಿದ ಜಾಗ ಎಲ್ಲವೂ ಇದ್ದಂತೆಯೇ ಇವೆ.

ಇನ್ನೊಂದು ಮನೆಯಲ್ಲಿ ಇದಕ್ಕೆ ತದ್ವಿರುದ್ಧ. ಫೋನಿನಲ್ಲಿ ಜಾಗ ಸಾಲದೆಂದು ಅಪ್ಪ ಸೆಟ್ಟಿಂಗ್ಸ್‌ಗೆ ಹೋಗಿ ಹಳೆಯ ಆಟಗಳ ಆ್ಯಪಿನ ‘ಕ್ಲಿಯರ್ ಡೇಟಾ’ ಒತ್ತುತ್ತಾರೆ. ದಸರಾ ರಜೆಯಿಂದ ಮಗಳು ಬಿಡದೆ ಆಡಿಕೊಂಡು ಬಂದಿದ್ದ ಆಟ ಮೊದಲ ಮೆಟ್ಟಿಲಿಗೆ ಬಂದು ನಿಲ್ಲುತ್ತದೆ.

ಎರಡೂ ಕಡೆ ಆಗಿರುವ ಗೊಂದಲ ಒಂದೇ. ಎಮ್ಯುಲೇಟರ್, ಅಂದರೆ ಹಳೆಯ ಆಟದ ಯಂತ್ರದಂತೆ ನಡೆದುಕೊಳ್ಳುವ ಸಾಫ್ಟ್‌ವೇರ್, ನಮ್ಮ ಆಟವನ್ನು ಒಂದೇ ಕಡೆ ನೆನಪಿಟ್ಟುಕೊಳ್ಳುವುದಿಲ್ಲ. ಬೇರೆ ಬೇರೆ ಕೆಲಸಕ್ಕೆ ಬೇರೆ ಬೇರೆ ಕಡೆ ಬರೆದಿಡುತ್ತದೆ. ಯಾವುದನ್ನು ಎಲ್ಲಿ ಬರೆದಿದೆ ಎಂದು ತಿಳಿಯದೆ ಅಳಿಸಲು ಹೊರಟರೆ ಹೋಗಬೇಕಾದ್ದು ಉಳಿಯುತ್ತದೆ, ಉಳಿಯಬೇಕಾದ್ದು ಹೋಗುತ್ತದೆ.

ಕರೆಂಟ್ ಹೋದರೆ ಆಟವೂ ಹೋಗುತ್ತಿತ್ತು

ತೊಂಬತ್ತರ ದಶಕದಲ್ಲಿ ನಮ್ಮ ಮನೆಗಳಿಗೆ ಬಂದ ‘ಟಿವಿ ಗೇಮ್’ ನೆನಪಿರುವವರಿಗೆ ಆಡಿದ್ದನ್ನು ಅಳಿಸುವ ಪ್ರಶ್ನೆಯೇ ಹೊಸದು. ಆ ಡಬ್ಬಿಗಳಲ್ಲಿ ಬಹುಪಾಲು ಜಪಾನಿನ ನಿಂಟೆಂಡೊ ಕಂಪನಿಯ ಫ್ಯಾಮಿಕಾಮ್ ಯಂತ್ರದ ನಕಲುಗಳು. ಜೊತೆಗೆ ಬರುತ್ತಿದ್ದ ಹಳದಿ ಕ್ಯಾಸೆಟ್ಟಿನ ಮೇಲೆ ನೂರಾರು, ಸಾವಿರಾರು ಆಟಗಳಿವೆ ಎಂದು ಬರೆದಿರುತ್ತಿತ್ತು. ಆಟಗಳಿದ್ದರೂ ಆಡಿದ್ದನ್ನು ಉಳಿಸಿಕೊಳ್ಳುವ ವ್ಯವಸ್ಥೆ ಅಂಥ ಅಗ್ಗದ ಕ್ಯಾಸೆಟ್ಟುಗಳಲ್ಲಿ ಇರುತ್ತಿರಲಿಲ್ಲ. ಮಧ್ಯಾಹ್ನದಿಂದ ಆಡಿ ಮಾರಿಯೊನನ್ನು ಕೊನೆಯ ಕೋಟೆಯವರೆಗೆ ತಂದಾಗ ಲೋಡ್ ಶೆಡ್ಡಿಂಗ್ ಶುರುವಾದರೆ ಮುಗಿಯಿತು, ಮತ್ತೆ ಮೊದಲಿನಿಂದ. ಅಳಿಸಬೇಕಾದ ಪ್ರಮೇಯವೇ ಬರುತ್ತಿರಲಿಲ್ಲ.

ಜಪಾನಿನಲ್ಲೂ ಆರಂಭದ ಸ್ಥಿತಿ ಹೀಗೇ ಇತ್ತು. 1986ರ ಡ್ರ್ಯಾಗನ್ ಕ್ವೆಸ್ಟ್ ಒಂದೇ ಬಾರಿಗೆ ಆಡಿ ಮುಗಿಸಲಾಗದಷ್ಟು ದೊಡ್ಡ ಆಟ. ಅದಕ್ಕೆ ಕಂಡುಕೊಂಡ ಉಪಾಯ ಪಾಸ್‌ವರ್ಡ್. ಆಟ ನಿಲ್ಲಿಸುವಾಗ ಪರದೆಯ ಮೇಲೆ ಜಪಾನಿ ಅಕ್ಷರಗಳ ಒಂದು ಸಾಲು ಮೂಡುತ್ತಿತ್ತು. ಅದನ್ನು ಕಾಗದದ ಮೇಲೆ ಬರೆದುಕೊಂಡು ಮರುದಿನ ಒಂದಕ್ಷರವೂ ತಪ್ಪದಂತೆ ಮತ್ತೆ ತುಂಬಬೇಕು. ಮರುವರ್ಷ ಬಂದ ಎರಡನೇ ಭಾಗದಲ್ಲಿ ಈ ಸಾಲು 52 ಅಕ್ಷರಗಳವರೆಗೂ ಹೋಗುತ್ತಿತ್ತು. ಮಸುಕು ಟಿವಿ ಪರದೆಯಲ್ಲಿ ಒಂದು ಅಕ್ಷರ ಇನ್ನೊಂದರಂತೆ ಕಂಡರೆ ಅಷ್ಟೂ ದಿನಗಳ ಆಟ ವ್ಯರ್ಥ. ಆಟದ ನೆನಪು ಯಂತ್ರದೊಳಗೆ ಇರಲಿಲ್ಲ, ನೋಟ್‌ಬುಕ್ಕಿನ ಹಾಳೆಯಲ್ಲಿತ್ತು.

ಕ್ಯಾಸೆಟ್ಟಿನೊಳಗೊಂದು ಬ್ಯಾಟರಿ

ಇದನ್ನು ಬದಲಿಸಿದ್ದು ಒಂದು ಸಣ್ಣ ಬಟನ್ ಸೆಲ್. 1987ರಲ್ಲಿ ಅಮೆರಿಕದಲ್ಲಿ ಬಿಡುಗಡೆಯಾದ ‘ದ ಲೆಜೆಂಡ್ ಆಫ್ ಜೆಲ್ಡಾ’ ಕ್ಯಾಸೆಟ್ಟಿನೊಳಗೆ 8 ಕಿಲೋಬೈಟಿನ ಮೆಮೊರಿ ಚಿಪ್ಪೂ ಅದಕ್ಕೆ ಸದಾ ವಿದ್ಯುತ್ ಕೊಡುತ್ತಿರುವ ಬ್ಯಾಟರಿಯೂ ಇದ್ದವು. ಆ ಬಗೆಯ ಚಿಪ್ಪು ವಿದ್ಯುತ್ ಇರುವಷ್ಟು ಕಾಲ ಮಾತ್ರ ನೆನಪಿಟ್ಟುಕೊಳ್ಳುತ್ತದೆ. ಬ್ಯಾಟರಿ ಇದ್ದುದರಿಂದ ಯಂತ್ರ ಆರಿಸಿದರೂ, ಕ್ಯಾಸೆಟ್ ಕಿತ್ತು ಬೀರುವಿನಲ್ಲಿಟ್ಟರೂ ಆಟಗಾರನ ಹೆಸರು, ಗಳಿಸಿದ ಕತ್ತಿ, ದಾಟಿದ ಗುಹೆ ಉಳಿದಿರುತ್ತಿದ್ದವು.

ಆದರೂ ಭಯ ಪೂರ್ತಿ ಹೋಗಲಿಲ್ಲ. ಯಂತ್ರ ಆರಿಸುವಾಗ ರೀಸೆಟ್ ಗುಂಡಿಯನ್ನು ಒತ್ತಿ ಹಿಡಿದುಕೊಂಡೇ ಪವರ್ ಸ್ವಿಚ್ ಒತ್ತಬೇಕೆಂದು ಸೂಚನೆಯಿತ್ತು. ವಿದ್ಯುತ್ ಕಡಿತವಾಗುವ ಕ್ಷಣದಲ್ಲಿ ಪ್ರೊಸೆಸರ್ ಗಲಿಬಿಲಿಗೊಂಡು ಮೆಮೊರಿಯ ಮೇಲೆ ಏನೇನೋ ಬರೆದುಬಿಡಬಹುದು. ರೀಸೆಟ್ ಒತ್ತಿದ್ದರೆ ಪ್ರೊಸೆಸರ್ ಸುಮ್ಮನಿರುತ್ತದೆ. 1988ರಲ್ಲಿ ಬ್ಯಾಟರಿಯೊಂದಿಗೆ ಬಂದ ಡ್ರ್ಯಾಗನ್ ಕ್ವೆಸ್ಟ್ 3ರಲ್ಲಿ ಸೇವ್ ಹಾಳಾಗಿದ್ದರೆ ಆಟ ತೆರೆದ ಕೂಡಲೇ ಎದೆ ನಡುಗಿಸುವ ಒಂದು ರಾಗ ಕೇಳಿಸುತ್ತಿತ್ತು. ಆ ತಲೆಮಾರಿನ ಜಪಾನಿ ಮಕ್ಕಳಿಗೆ ಅದು ಇಂದಿಗೂ ಮರೆಯದ ಸದ್ದು.

1996ರಲ್ಲಿ ಬಂದ ಮೊದಲ ಪೋಕೆಮಾನ್ ಆಟಗಳಲ್ಲಿ ಸೇವ್ ಮಾಡಲು ಇದ್ದದ್ದು ಒಂದೇ ಜಾಗ. ಅಣ್ಣ ಆಡುತ್ತಿದ್ದ ಕ್ಯಾಸೆಟ್ಟಿನಲ್ಲಿ ತಮ್ಮ ‘ನ್ಯೂ ಗೇಮ್’ ಶುರುಮಾಡಿ ಸೇವ್ ಒತ್ತಿದರೆ ಅಣ್ಣನದು ಹೋದಂತೆಯೇ. ಹಳೆಯದು ಅಳಿಯುತ್ತದೆ, ಸರಿಯೇ ಎಂದು ಆಟವೇನೋ ಇಂಗ್ಲಿಷಿನಲ್ಲಿ ಕೇಳುತ್ತದೆ. ಓದಲು ಬಾರದ ಮಗು ‘ಎ’ ಗುಂಡಿ ಒತ್ತುತ್ತಲೇ ಹೋಗುತ್ತದೆ. ಬೇಕೆಂದೇ ಅಳಿಸುವವರಿಗೆ ಮಾತ್ರ ಗೊತ್ತಿದ್ದ ಇನ್ನೊಂದು ದಾರಿಯೂ ಅದರಲ್ಲಿತ್ತು: ಆಟದ ಹೆಸರು ಕಾಣುವ ಪರದೆಯಲ್ಲಿ ಮೇಲ್ಮುಖ ಗುಂಡಿ, ಸೆಲೆಕ್ಟ್ ಮತ್ತು ‘ಬಿ’ ಮೂರನ್ನೂ ಒಟ್ಟಿಗೆ ಒತ್ತಬೇಕು. ಅಕಸ್ಮಾತ್ತಾಗಿ ಒತ್ತಿಹೋಗದಿರಲೆಂದೇ ಅಷ್ಟು ವಿಚಿತ್ರವಾದ ಜೋಡಣೆ. ಇಂದಿನ ಆ್ಯಪುಗಳಲ್ಲಿ ಅಂಥ ಎಚ್ಚರ ಕಡಿಮೆ ಎಂಬುದು ನನ್ನ ದೂರು.

ಒಂದೇ ಆಟಕ್ಕೆ ಮೂರು ನೆನಪು

ಈಗ ಸಾಫ್ಟ್‌ವೇರ್‌ಗೆ ಬರೋಣ. ಫೋನು, ಕಂಪ್ಯೂಟರು, ಟಿವಿಗೆ ಸಿಕ್ಕಿಸುವ ಪುಟ್ಟ ಪೆಟ್ಟಿಗೆ ಎಲ್ಲದರಲ್ಲೂ ಓಡುವ ರೆಟ್ರೊಆರ್ಚ್ ಅನ್ನೇ ಉದಾಹರಣೆಯಾಗಿ ತೆಗೆದುಕೊಳ್ಳುತ್ತೇನೆ. 2010ರ ಸುಮಾರಿಗೆ ಬೇರೆ ಹೆಸರಿನಲ್ಲಿ ಹುಟ್ಟಿದ ಇದು ಇಂದು ಹಳೆಯ ಆಟಗಳ ಸಾಫ್ಟ್‌ವೇರ್‌ಗಳಲ್ಲಿ ಮುಂಚೂಣಿಯಲ್ಲಿದೆ. ಐಫೋನಿನ ಆ್ಯಪ್ ಸ್ಟೋರಿಗೂ 2024ರಲ್ಲಿ ಬಂತು. ಬೇರೆ ಎಮ್ಯುಲೇಟರ್‌ಗಳಲ್ಲಿ ಹೆಸರು ಬದಲಾಗಬಹುದು, ಒಳಗಿನ ಲೆಕ್ಕ ಹೆಚ್ಚುಕಡಿಮೆ ಇದೇ.

ಮೊದಲನೆಯದು ಹಿಸ್ಟರಿ. ಯಾವ ಆಟ, ಎಲ್ಲಿದೆ, ಯಾವುದರಿಂದ ತೆರೆದದ್ದು ಎಂಬಷ್ಟನ್ನೇ ಬರೆದಿಟ್ಟ ಒಂದು ಪಟ್ಟಿ ಅದು. ‘ಕಂಟೆಂಟ್ ಹಿಸ್ಟರಿ’ ಎಂಬ ಹೆಸರಿನ ಚಿಕ್ಕ ಫೈಲಿನಲ್ಲಿರುತ್ತದೆ. ಹೆಸರೊಂದನ್ನು ಆರಿಸಿ ‘ರಿಮೂವ್’ ಒತ್ತಿದರೆ ಪಟ್ಟಿಯಿಂದ ಹೋಗುತ್ತದೆ. ಆಟದ ಫೈಲೂ ಸೇವೂ ಅಲುಗಾಡುವುದಿಲ್ಲ. ಎಷ್ಟು ಹೊತ್ತು ಆಡಿದಿರಿ, ಕೊನೆಯ ಸಲ ಯಾವಾಗ ಎಂಬ ಲೆಕ್ಕ ಮಾತ್ರ ಈ ಪಟ್ಟಿಯಲ್ಲಿಲ್ಲ. ಅದಕ್ಕೆ ‘ಲಾಗ್ಸ್’ ಎಂಬ ಬೇರೆ ಫೋಲ್ಡರಿದ್ದು, ಆಟಕ್ಕೊಂದರಂತೆ ಪುಟ್ಟ ಫೈಲುಗಳಿರುತ್ತವೆ. ಪಟ್ಟಿ ಖಾಲಿ ಮಾಡಿದ ಮೇಲೂ ಆಟದ ಹೆಸರಿನ ಪಕ್ಕ ಹಳೆಯ ಗಂಟೆಗಳ ಲೆಕ್ಕ ಕಾಣಿಸಿದರೆ ಕಾರಣ ಇದೇ. ಮೆನುವಿನಲ್ಲಿ ಹಿಸ್ಟರಿಯನ್ನು ಕಾಣದಂತೆ ಮರೆಮಾಡುವ ಆಯ್ಕೆಯೂ ಒಂದಿದೆ. ಮರೆಮಾಡಿದ್ದು ಅಳಿಸಿದಂತೆ ಅಲ್ಲ. ಬರೆಯುವುದನ್ನೇ ನಿಲ್ಲಿಸಬೇಕಾದರೆ ಸೆಟ್ಟಿಂಗ್ಸ್‌ನ ‘ಪ್ಲೇಲಿಸ್ಟ್ಸ್’ ವಿಭಾಗದಲ್ಲಿ ಹಿಸ್ಟರಿಯನ್ನು ಆಫ್ ಮಾಡಬೇಕು.

ಎರಡನೆಯದು ಆಟದ ಸ್ವಂತ ಸೇವ್. ಹಿಂದೆ ಕ್ಯಾಸೆಟ್ಟಿನ ಬ್ಯಾಟರಿ ಕಾಯುತ್ತಿದ್ದ ಮೆಮೊರಿಯನ್ನು ಎಮ್ಯುಲೇಟರ್ ಫೈಲಾಗಿ ಇಟ್ಟುಕೊಳ್ಳುತ್ತದೆ. ‘ಸೇವ್ಸ್’ ಫೋಲ್ಡರಿನಲ್ಲಿ ಆಟದ ಹೆಸರನ್ನೇ ಹೊತ್ತು, ಕೊನೆಗೆ ಎಸ್‌ಆರ್‌ಎಂ ಎಂಬ ಮೂರಕ್ಷರ ಇರುವ ಫೈಲು ಇದು. ಕೆಲವು ಎಮ್ಯುಲೇಟರ್‌ಗಳಲ್ಲಿ ಎಸ್‌ಎವಿ ಎಂದಿರುತ್ತದೆ.

ಮೂರನೆಯದು ಸೇವ್ ಸ್ಟೇಟ್. ಇದು ಹಳೆಯ ಯಂತ್ರಗಳಲ್ಲಿ ಇರಲೇ ಇಲ್ಲ, ಎಮ್ಯುಲೇಟರ್ ಕೊಟ್ಟ ಸೌಲಭ್ಯ. ಚೌಕಾಬಾರ ಆಡುತ್ತಿದ್ದಾಗ ಊಟಕ್ಕೆ ಕರೆ ಬಂದರೆ ಕಾಯಿ ಕದಲದಂತೆ ಮಣೆಯನ್ನು ಎತ್ತಿ ಮೂಲೆಗಿಡುತ್ತೇವಲ್ಲ, ಹಾಗೆ ಆ ಕ್ಷಣದಲ್ಲಿ ಯಂತ್ರದ ಇಡೀ ಮೆಮೊರಿ ಹೇಗಿತ್ತೋ ಹಾಗೇ ತೆಗೆದಿಡುವುದು. ಮಾರಿಯೊ ಗಾಳಿಯಲ್ಲಿ ನೆಗೆದಿದ್ದರೆ ತೆರೆದಾಗ ಗಾಳಿಯಲ್ಲೇ ಇರುತ್ತಾನೆ. ಇವು ‘ಸ್ಟೇಟ್ಸ್’ ಎಂಬ ಬೇರೆ ಫೋಲ್ಡರಿನಲ್ಲಿ, ಆಟವೊಂದಕ್ಕೆ ಹಲವು ಸಂಖ್ಯೆಗಳಲ್ಲಿ ಕೂಡಿಕೊಳ್ಳುತ್ತವೆ. ಥಂಬ್‌ನೇಲ್ ಆಯ್ಕೆ ಆನ್ ಇದ್ದರೆ ಜೊತೆಗೊಂದು ಚಿತ್ರವೂ ಇರುತ್ತದೆ.

ಮಾವ ಅಳಿಸಿದ್ದು ಮೊದಲನೆಯದನ್ನು. ಹುಡುಗನಿಗೆ ಸಿಕ್ಕಿದ್ದು ಎರಡನೆಯದು.

ಅಳಿಸಿದ್ದು ಮರಳಿ ಬರುವುದು ಹೇಗೆ?

ಎಸ್‌ಆರ್‌ಎಂ ಫೈಲು ಹುಡುಕಿ ಅಳಿಸಿದವರಿಗೂ ಕೆಲವೊಮ್ಮೆ ಆಶ್ಚರ್ಯ ಕಾದಿರುತ್ತದೆ. ಮರುದಿನ ನೋಡಿದರೆ ಫೈಲು ಅದೇ ಜಾಗದಲ್ಲಿ ಕೂತಿದೆ.

ಇದಕ್ಕೆ ಮುಖ್ಯ ಕಾರಣ ಆಟ ತೆರೆದಿದ್ದಾಗಲೇ ಅಳಿಸುವುದು. ಆಟ ಶುರುವಾದಾಗ ಎಮ್ಯುಲೇಟರ್ ಸೇವ್ ಫೈಲನ್ನು ಓದಿ ತನ್ನ ಮೆಮೊರಿಗೆ ತಂದುಕೊಳ್ಳುತ್ತದೆ. ಮುಚ್ಚುವಾಗ ಆ ಮೆಮೊರಿಯನ್ನು ಮತ್ತೆ ಫೈಲಾಗಿ ಬರೆಯುತ್ತದೆ. ನಡುವೆ ನೀವು ಫೈಲು ಅಳಿಸಿದ್ದು ಅದಕ್ಕೆ ಗೊತ್ತೇ ಇಲ್ಲ. ಆಟದಿಂದ ಹೊರಬಂದ ಕೂಡಲೇ ಹೊಸದಾಗಿ ಬರೆದಿಡುತ್ತದೆ. ಫೋನಿನಲ್ಲಿ ಹೋಮ್ ಗುಂಡಿ ಒತ್ತಿದರೆ ಆ್ಯಪ್ ಮುಚ್ಚುವುದಿಲ್ಲ, ಹಿಂದೆ ಸರಿದು ಕೂತಿರುತ್ತದೆ. ಆದ್ದರಿಂದ ಮೊದಲು ಆಟ ಮುಚ್ಚಿ, ಆಮೇಲೆ ಆ್ಯಪ್ ಮುಚ್ಚಿ, ನಂತರವೇ ಅಳಿಸಬೇಕು.

ರಾಸ್ಪ್‌ಬೆರಿ ಪೈ ಎಂಬ ಪುಟ್ಟ ಕಂಪ್ಯೂಟರಿನ ಮೇಲೆ ಓಡುವ ರೆಟ್ರೊಪೈಯಲ್ಲೂ ಇದೇ ಕಥೆ. ಅದರ ಮುಖಪುಟದಂತಿರುವ ಎಮ್ಯುಲೇಶನ್‌ಸ್ಟೇಶನ್, ಎಷ್ಟು ಬಾರಿ ಆಡಿದಿರಿ, ಕೊನೆಗೆ ಯಾವಾಗ ಆಡಿದಿರಿ ಎಂಬುದನ್ನು ಆಟಗಳ ಪಟ್ಟಿಯ ಫೈಲಿನಲ್ಲೇ ಬರೆಯುತ್ತದೆ. ಅದನ್ನಾಧರಿಸಿ ‘ಲಾಸ್ಟ್ ಪ್ಲೇಯ್ಡ್’ ಎಂಬ ಪಟ್ಟಿ ತಾನಾಗಿ ಮೂಡುತ್ತದೆ. ಎಮ್ಯುಲೇಶನ್‌ಸ್ಟೇಶನ್ ತೆರೆದಿದ್ದಾಗ ಆ ಫೈಲನ್ನು ತಿದ್ದಿದರೆ, ಅದು ಮುಚ್ಚುವಾಗ ತನ್ನ ನೆನಪಿನಲ್ಲಿರುವುದನ್ನೇ ಮೇಲೆ ಬರೆದು ನಿಮ್ಮ ಶ್ರಮವನ್ನು ಅಳಿಸಬಹುದು.

ಇನ್ನೊಂದು ಕಾರಣ ಸೇವ್ ಸ್ಟೇಟ್. ಅದು ಇಡೀ ಯಂತ್ರದ ಪ್ರತಿಯಾದ್ದರಿಂದ ಬ್ಯಾಟರಿ ಮೆಮೊರಿಯ ಪ್ರತಿಯೂ ಸಾಮಾನ್ಯವಾಗಿ ಅದರೊಳಗಿರುತ್ತದೆ. ಸೇವ್ ಅಳಿಸಿ, ಹಳೆಯ ಸ್ಟೇಟ್ ಒಂದನ್ನು ತೆರೆದರೆ ಅಳಿಸಿದ ಸೇವ್ ಅದರ ಬೆನ್ನಿಗೇ ವಾಪಸ್ ಬರುತ್ತದೆ. ಇದರ ಉಲ್ಟಾ ಇನ್ನೂ ಅಪಾಯಕಾರಿ. ತಿಂಗಳ ಹಿಂದಿನ ಸ್ಟೇಟ್ ಕುತೂಹಲಕ್ಕೆ ತೆರೆದು ಮುಚ್ಚಿದರೆ, ನಿನ್ನೆಯವರೆಗಿನ ಸೇವ್ ಮೇಲೆ ತಿಂಗಳ ಹಿಂದಿನದು ಬರೆದುಹೋಗುತ್ತದೆ. ಏನನ್ನೂ ಅಳಿಸದೆಯೇ ತಿಂಗಳ ಆಟ ಹೋಗಿರುತ್ತದೆ. ಸ್ಟೇಟ್ ತೆರೆಯುವಾಗ ಸೇವ್ ಅನ್ನು ಮುಟ್ಟಬೇಡ ಎಂದು ಹೇಳುವ ಆಯ್ಕೆ ರೆಟ್ರೊಆರ್ಚ್‌ನ ‘ಸೇವಿಂಗ್’ ವಿಭಾಗದಲ್ಲಿದೆ. ಸೇವ್ ಮತ್ತು ಸ್ಟೇಟ್ ಎರಡನ್ನೂ ಬಳಸುವವರು ಅದನ್ನೊಮ್ಮೆ ನೋಡಿಕೊಳ್ಳುವುದು ಒಳ್ಳೆಯದು. ಆಟ ಮುಚ್ಚುವಾಗ ತಾನಾಗಿ ಸ್ಟೇಟ್ ತೆಗೆದು, ತೆರೆದಾಗ ತಾನಾಗಿ ಹಾಕುವ ಸೌಲಭ್ಯ ಆನ್ ಆಗಿದ್ದರಂತೂ ಹೊಸದಾಗಿ ಶುರುಮಾಡುವವರು ಎಷ್ಟು ಸಲ ಸೇವ್ ಅಳಿಸಿದರೂ ಅದೇ ಜಾಗಕ್ಕೆ ಬಂದು ನಿಲ್ಲುತ್ತಾರೆ. ಅಲ್ಲಿ ತೆಗೆಯಬೇಕಾದ್ದು ಹೆಸರಿನ ಕೊನೆಗೆ ‘ಆಟೊ’ ಎಂದಿರುವ ಸ್ಟೇಟ್ ಫೈಲನ್ನು.

ಒಂದೇ ಆಟವನ್ನು ಎರಡು ‘ಕೋರ್’ಗಳಲ್ಲಿ, ಅಂದರೆ ಒಂದೇ ಹಳೆಯ ಯಂತ್ರವನ್ನು ಅನುಕರಿಸುವ ಎರಡು ಬೇರೆ ತಂತ್ರಾಂಶಗಳಲ್ಲಿ, ಆಡಿದ್ದರೆ ಎರಡು ಕಡೆ ಸೇವ್ ಇರಬಹುದು ಎಂಬುದನ್ನೂ ಮರೆಯಬಾರದು.

ಎಲ್ಲ ಆಟಕ್ಕೂ ಒಂದೇ ಕಾರ್ಡ್

1994ರ ಕೊನೆಗೆ ಜಪಾನಿನಲ್ಲಿ ಬಂದ ಪ್ಲೇಸ್ಟೇಷನ್ ಆಟಗಳನ್ನು ಸಿಡಿಯಲ್ಲಿ ಕೊಟ್ಟಿತು. ಸಿಡಿಯ ಮೇಲೆ ಬರೆಯಲಾಗದು. ಹಾಗಾಗಿ ಸೇವ್‌ಗಾಗಿ ಪ್ರತ್ಯೇಕ ಮೆಮೊರಿ ಕಾರ್ಡ್. ಅದರ ಅಳತೆ ಬರೀ 128 ಕಿಲೋಬೈಟ್, ಬಳಸಲು ಸಿಗುತ್ತಿದ್ದದ್ದು 15 ಬ್ಲಾಕು. ಒಂದು ಆಟ ಒಂದೇ ಬ್ಲಾಕು ಕೇಳಿದರೆ ಇನ್ನೊಂದು ಹಲವನ್ನು ನುಂಗುತ್ತಿತ್ತು. ಒಂದು ಕಾರ್ಡನ್ನು ಹಂಚಿಕೊಳ್ಳುವ ಅಣ್ಣತಮ್ಮಂದಿರಿಗೆ ಯಾರ ಸೇವ್ ಉಳಿಯಬೇಕು, ಯಾರದು ಹೋಗಬೇಕು ಎಂಬುದೇ ದೊಡ್ಡ ಪಂಚಾಯಿತಿ.

ಆ ವ್ಯವಸ್ಥೆಯನ್ನು ಎಮ್ಯುಲೇಟರ್‌ಗಳು ಹಾಗೇ ಉಳಿಸಿಕೊಂಡಿವೆ. ಪ್ಲೇಸ್ಟೇಷನ್ 2ರ ಆಟಗಳಿಗಾಗಿ ಇರುವ ಪಿಸಿಎಸ್‌ಎಕ್ಸ್2ನಲ್ಲಿ ಸಾಮಾನ್ಯವಾಗಿ ಒಂದೇ ಕಾರ್ಡ್ ಫೈಲಿನೊಳಗೆ ಎಲ್ಲ ಆಟಗಳ ಸೇವ್ ಸೇರಿರುತ್ತವೆ. ಒಂದು ಆಟವನ್ನು ಹೊಸದಾಗಿ ಆಡಬೇಕೆಂದು ಆ ಫೈಲನ್ನೇ ಎತ್ತಿ ಬಿಸಾಡಿದರೆ ಉಳಿದ ಎಲ್ಲ ಆಟಗಳೂ ಹೋದಂತೆ. ಇಂಥ ಕಡೆ ಹೊರಗಿನಿಂದ ಫೈಲು ಅಳಿಸಬಾರದು. ಯಂತ್ರದ ಒಳಗಿನ ಮೆಮೊರಿ ಕಾರ್ಡ್ ಪರದೆಗೆ ಹೋಗಿ ಆ ಒಂದು ಆಟದ್ದನ್ನು ಮಾತ್ರ ತೆಗೆಯಬೇಕು.

ಆರ್ಕೇಡ್ ಆಟಗಳದ್ದು ಬೇರೆ ದಾರಿ. 1980ರ ಪ್ಯಾಕ್‌ಮ್ಯಾನ್ ಯಂತ್ರದಲ್ಲಿ ಸ್ವಿಚ್ ಆರಿಸಿದರೆ ಅತಿ ಹೆಚ್ಚಿನ ಅಂಕವೂ ಹೋಗುತ್ತಿತ್ತು. 1997ರಲ್ಲಿ ಶುರುವಾದ ಮೇಮ್ ಎಂಬ ಎಮ್ಯುಲೇಟರ್‌ನಲ್ಲಿ ಆ ಅಂಕವನ್ನು ಉಳಿಸಿಕೊಡುವ ಪ್ಲಗಿನ್ ಇದೆ. ಅಂಕಪಟ್ಟಿ ಮೊದಲಿನಂತಾಗಬೇಕಾದರೆ ‘ಹೈಸ್ಕೋರ್’ (ಹಳೆಯ ಆವೃತ್ತಿಗಳಲ್ಲಿ ‘ಹೈ’) ಮತ್ತು ‘ಎನ್‌ವಿರ‍್ಯಾಮ್’ ಎಂಬ ಎರಡು ಫೋಲ್ಡರುಗಳಲ್ಲಿ ಆ ಆಟದ ಹೆಸರಿನದನ್ನು ತೆಗೆದರೆ ಸಾಕು.

ಜಾಗಕ್ಕಾಗಿ ಅಳಿಸುವವರಿಗೆ

ಜಾಗ ಉಳಿಸಲು ಸೇವ್ ಅಳಿಸುವುದು ಅರ್ಥವಿಲ್ಲದ ಕೆಲಸ. ಮೊದಲ ಪೋಕೆಮಾನ್‌ನ ಸೇವ್ 32 ಕಿಲೋಬೈಟ್. ಸೂಪರ್ ಮಾರಿಯೊ ವರ್ಲ್ಡ್‌ನದು ಬರೀ 2. ಮೊಬೈಲಿನಲ್ಲಿ ತೆಗೆದ ಒಂದು ಫೋಟೊ ಇರುವ ಜಾಗದಲ್ಲಿ ಇಂಥ ನೂರು ಸೇವ್‌ಗಳು ಹಿಡಿಸುತ್ತವೆ.

ಸ್ಟೇಟ್‌ಗಳು ಮಾತ್ರ ದೊಡ್ಡವು. ಪ್ಲೇಸ್ಟೇಷನ್‌ನ ಮುಖ್ಯ ಮೆಮೊರಿ 2 ಮೆಗಾಬೈಟ್, ಚಿತ್ರಕ್ಕೆ 1, ಶಬ್ದಕ್ಕೆ ಅರ್ಧ. ಎಲ್ಲವನ್ನೂ ಎತ್ತಿಡಬೇಕಾದ್ದರಿಂದ ಸಂಕುಚಿಸದಿದ್ದರೆ ಒಂದೊಂದು ಸ್ಟೇಟ್ ಮೂರೂವರೆ ಮೆಗಾಬೈಟ್ ದಾಟುತ್ತದೆ. ಹಳೆಯ ಸ್ಟೇಟ್‌ಗಳನ್ನು ತೆಗೆದರೆ ಸ್ವಲ್ಪ ಜಾಗ ಸಿಗುತ್ತದೆ. ಇದಕ್ಕಿಂತ ಹೆಚ್ಚು ಜಾಗ ತಿನ್ನುವುದು ಆಟಗಳ ಮುಖಚಿತ್ರಗಳ ಫೋಲ್ಡರ್ ಮತ್ತು ಸಿಡಿ ಆಟಗಳ ಫೈಲುಗಳು. ಆಂಡ್ರಾಯ್ಡ್ ಫೋನಿನಲ್ಲಿ ‘ಕ್ಲಿಯರ್ ಕ್ಯಾಶೆ’ ಒತ್ತಿದರೆ ತಾತ್ಕಾಲಿಕ ಫೈಲುಗಳಷ್ಟೇ ಹೋಗುತ್ತವೆ. ಅದರ ಪಕ್ಕದಲ್ಲೇ ಇರುವ ‘ಕ್ಲಿಯರ್ ಡೇಟಾ’ ಆ್ಯಪಿನ ಸ್ವಂತ ಜಾಗದಲ್ಲಿರುವ ಎಲ್ಲವನ್ನೂ ಗುಡಿಸಿಹಾಕುತ್ತದೆ. ಸೇವ್‌ಗಳು ಆ ಜಾಗದಲ್ಲೇ ಇದ್ದರೆ ಅವೂ ಹೋಗುತ್ತವೆ. ಆ್ಯಪನ್ನು ಅನ್‌ಇನ್‌ಸ್ಟಾಲ್ ಮಾಡಿದರೂ ಅದೇ ಫಲ.

ಮನೆಯಾಚೆ ಉಳಿಯುವ ಲೆಕ್ಕ

ಈಗಿನ ಹಲವು ಎಮ್ಯುಲೇಟರ್‌ಗಳು ಸೇವ್ ಅನ್ನು ಇಂಟರ್ನೆಟ್ಟಿನಲ್ಲೂ ಇಡುತ್ತವೆ. 2024ರ ಏಪ್ರಿಲ್‌ನಲ್ಲಿ ಐಫೋನಿನ ಆ್ಯಪ್ ಸ್ಟೋರಿಗೆ ಬಂದ ಡೆಲ್ಟಾ, ಗೂಗಲ್ ಡ್ರೈವ್ ಅಥವಾ ಡ್ರಾಪ್‌ಬಾಕ್ಸ್ ಜೊತೆ ಸೇರಿಕೊಳ್ಳಬಲ್ಲದು. ಇಂಥ ಸಿಂಕ್ ಆನ್ ಇದ್ದಾಗ ಒಂದು ಯಂತ್ರದಲ್ಲಿ ಅಳಿಸಿದ್ದು ಮೇಲಿನಿಂದ ಮತ್ತೆ ಇಳಿದು ಬರಬಹುದು. ಇಲ್ಲವೇ ಇಲ್ಲಿ ಅಳಿಸಿದ್ದರಿಂದ ಬೇರೆ ಯಂತ್ರದಲ್ಲಿದ್ದದ್ದೂ ಹೋಗಬಹುದು. ಎರಡೂ ಬೇಡವಾದರೆ ಮೊದಲು ಸಿಂಕ್ ಆಫ್ ಮಾಡಿ ಆಮೇಲೆ ಕೈಹಾಕಬೇಕು.

ಹಳೆಯ ಆಟಗಳಿಗೆ ಹೊಸ ಸಾಧನೆಗಳ ಪಟ್ಟಿ ಜೋಡಿಸುವ ರೆಟ್ರೊಅಚೀವ್‌ಮೆಂಟ್ಸ್ ಖಾತೆ ಇದ್ದರೆ ಯಾವ ಆಟದಲ್ಲಿ ಏನು ಸಾಧಿಸಿದಿರಿ ಎಂಬುದು ಅವರ ಸರ್ವರಿನಲ್ಲಿರುತ್ತದೆ. ನಿಮ್ಮ ಫೋನಿನಲ್ಲಿ ಎಷ್ಟು ಅಳಿಸಿದರೂ ಅದಕ್ಕೆ ಏನೂ ಆಗುವುದಿಲ್ಲ.

ಇಲ್ಲಿ ನಿಂಟೆಂಡೊದ ವೀ ಯಂತ್ರವನ್ನು ನೆನೆಯಬೇಕು. 2006ರಲ್ಲಿ ಬಂದ ಅದು ದಿನದಿನವೂ ಯಾವ ಆಟ ಎಷ್ಟು ಹೊತ್ತು ಆಡಿದ್ದೆಂದು ತನ್ನ ಸಂದೇಶ ಫಲಕದಲ್ಲಿ ಬರೆಯುತ್ತಿತ್ತು. ಉಳಿದ ಸಂದೇಶಗಳನ್ನು ಅಳಿಸಬಹುದಿತ್ತು, ಅದೊಂದನ್ನು ಅಳಿಸಲು ಬಿಡುತ್ತಿರಲಿಲ್ಲ. ಅದನ್ನು ತೆಗೆಯಲು ಯಂತ್ರವನ್ನೇ ಫಾರ್ಮ್ಯಾಟ್ ಮಾಡಬೇಕಿತ್ತು. ಹಳೆಯ ಆಟಗಳ ಮುಕ್ತ ಸಾಫ್ಟ್‌ವೇರ್‌ಗಳಲ್ಲಿ ಲೆಕ್ಕದ ಪುಸ್ತಕ ನಮ್ಮ ಕೈಯಲ್ಲಿದೆ. ತೆರೆದು ನೋಡಬಹುದು, ಹರಿದೂ ಹಾಕಬಹುದು. ನನಗೆ ಸರಿಕಾಣುವುದು ಇದೇ. ಮಗು ಏನು ಆಡುತ್ತಿದೆ ಎಂದು ತಿಳಿಯಬೇಕಾದ ಅಪ್ಪ ಅಮ್ಮ ಹಿಸ್ಟರಿ ತಡಕುವ ಬದಲು ಪಕ್ಕದಲ್ಲಿ ಕೂತು ಎರಡನೇ ರಿಮೋಟು ಹಿಡಿಯಲಿ.

ಕೈ ಬದಲಾಗುವ ಮುನ್ನ

ಯಂತ್ರ ಮಾರುವವರು ಅಥವಾ ಕೊಡುವವರು ಹಿಸ್ಟರಿ ಬಗ್ಗೆ ಚಿಂತಿಸುತ್ತಾರೆ, ಲಾಗಿನ್ ಬಗ್ಗೆ ಚಿಂತಿಸುವುದಿಲ್ಲ. ನಿಜವಾಗಿ ಮೊದಲು ತೆಗೆಯಬೇಕಾದ್ದು ಅದು. ರೆಟ್ರೊಆರ್ಚ್‌ನ ಸೆಟ್ಟಿಂಗ್ಸ್ ಫೈಲಿನಲ್ಲಿ ರೆಟ್ರೊಅಚೀವ್‌ಮೆಂಟ್ಸ್ ಖಾತೆಯ ವಿವರ ಇರುತ್ತದೆ. ರೆಟ್ರೊಪೈ ಕಾರ್ಡಿನಲ್ಲಿ ಮನೆಯ ವೈಫೈ ಪಾಸ್‌ವರ್ಡ್ ಇರುತ್ತದೆ. ಕ್ವಿಕ್ ಫಾರ್ಮ್ಯಾಟ್ ಮಾಡಿದರೆ ಫೈಲುಗಳ ಸೂಚಿ ಮಾತ್ರ ಅಳಿಯುತ್ತದೆ, ಫೈಲಿನೊಳಗಿದ್ದದ್ದನ್ನು ತಿಳಿದವರು ಮರಳಿ ಪಡೆಯಬಹುದು. ಅಪರಿಚಿತರಿಗೆ ಮಾರುವುದಾದರೆ ಕಾರ್ಡನ್ನು ನೀವೇ ಇಟ್ಟುಕೊಂಡು ಹೊಸ ಕಾರ್ಡ್ ಹಾಕಿ ಕೊಡುವುದೇ ಕ್ಷೇಮ.

ಸೇವ್‌ಗಳ ವಿಷಯ ಬೇರೆ. ಹಿಸ್ಟರಿ ಹೋದರೆ ನಾಳೆ ಮತ್ತೆ ತುಂಬುತ್ತದೆ. ಸೇವ್ ಹೋದರೆ ಅದನ್ನು ಆಡಿದ ಸಂಜೆಗಳು ಮತ್ತೆ ಸಿಗುವುದಿಲ್ಲ. ಮನೆಯ ಒಂದೇ ಯಂತ್ರದಲ್ಲಿ ನಾಲ್ಕು ಜನ ಆಡಿರುತ್ತಾರೆ, ಯಾವ ಸೇವ್ ಯಾರದೆಂದು ಫೈಲಿನ ಹೆಸರು ಹೇಳುವುದಿಲ್ಲ. ಹಳೆಯ ಕ್ಯಾಸೆಟ್ಟುಗಳನ್ನು ಜೋಪಾನವಾಗಿಟ್ಟವರಿಗೂ ಈ ಮಾತು ಅನ್ವಯಿಸುತ್ತದೆ. ಅವುಗಳೊಳಗಿನ ಬ್ಯಾಟರಿ ಮುಗಿಯುತ್ತ ಬಂದಿದೆ. ಗಡಿಯಾರವನ್ನೂ ನಡೆಸಬೇಕಾದ ಪೋಕೆಮಾನ್ ಗೋಲ್ಡ್ ಮತ್ತು ಸಿಲ್ವರ್ ಕ್ಯಾಸೆಟ್ಟುಗಳಲ್ಲಿ ಇನ್ನೂ ಬೇಗ ಮುಗಿಯುತ್ತದೆ. ಬ್ಯಾಟರಿ ಸತ್ತ ದಿನ ಸೇವೂ ಇಲ್ಲ. ಕ್ಯಾಸೆಟ್ಟಿನ ಸೇವ್ ಅನ್ನು ಕಂಪ್ಯೂಟರಿಗೆ ಇಳಿಸಿಕೊಳ್ಳುವ ಸಾಧನಗಳು ಈಗ ಸಿಗುತ್ತವೆ.

ಆದ್ದರಿಂದ ಏನನ್ನೇ ಅಳಿಸುವ ಮುನ್ನ ಎಮ್ಯುಲೇಟರ್ ಮುಚ್ಚಿ, ‘ಸೇವ್ಸ್’ ಮತ್ತು ‘ಸ್ಟೇಟ್ಸ್’ ಫೋಲ್ಡರುಗಳನ್ನು ಪೆನ್ ಡ್ರೈವಿಗೆ ಕಾಪಿ ಮಾಡಿ, ಮನೆಯಲ್ಲಿ ಆಡಿದವರೆಲ್ಲರನ್ನೂ ಒಮ್ಮೆ ಕೇಳಿ.